ನಾನು ಓದಿದ ಸನ್ಮಾನಪತ್ರ

ತೊಂಬತ್ತರ ದಶಕದ ಕೊನೆಯಲ್ಲಿ ನಾನು ನಂಜನಗೂಡಿನಲ್ಲಿ ರಾಜ್ಯಶಾಸ್ತ್ರ ಪಾಠ ಮಾಡುತ್ತಿದ್ದೆ. ಒಂದು ದಿನ ಫಿಲಿಪೀನ್ಸ್‌ನ ಸರ್ವಾಧಿಕಾರಿಯ ಬಗ್ಗೆ ಹೇಳಿದೆ. ಅವನು ಹೇಳಿಕೊಳ್ಳುತ್ತಿದ್ದ ಯುದ್ಧಪದಕಗಳಲ್ಲಿ ಎಷ್ಟೋ ಸುಳ್ಳೆಂದು ಗೊತ್ತಾದರೂ ಅಲ್ಲಿ ಬಾಯಿ ಬಿಡಲು ಜನ ಹೆದರುತ್ತಿದ್ದರು. “ನಮ್ಮೂರಲ್ಲೂ ಒಬ್ಬ ಮುಖಂಡರಿದ್ದಾರೆ, ವಾರಕ್ಕೊಂದು ಮೈಸೂರು ಪೇಟ ತೊಡಿಸಿಕೊಳ್ಳುತ್ತಾರೆ,” ಎಂದು ಸೇರಿಸಿದೆ. ತರಗತಿ ನಕ್ಕಿತು. ಅಷ್ಟರಲ್ಲಿ ಗಂಟೆ ಹೊಡೆದು ಪಾಠ ಅರ್ಧಕ್ಕೇ ನಿಂತಿತು.

ಮರುದಿನ ಟಿ. ನರಸೀಪುರದ ಮನೆಗೆ ಹೋಗುವಾಗ ಆ ಮುಖಂಡರ ಕಡೆಯ ನಾಲ್ವರು ನನ್ನ ಸ್ಕೂಟರ್ ಅಡ್ಡಗಟ್ಟಿದರು. ಒಬ್ಬ ಕೀ ಕಿತ್ತುಕೊಂಡ.

“ಪೇಟದ್ ಇಸ್ಯ ಬೋ ಚೆನ್ನಾಗ್ ಯೋಳ್ಕೊಟ್ರಂತಲ್ಲಾ ಸಾ? ಭಾನ್ವಾರ ಅಣ್ಣೋರ್ಗೆ ಸನ್ಮಾನ ಅದ. ಪತ್ರ ನೀವೇ ಬರೀಬೇಕು, ನೀವೇ ಓದ್ಬೇಕು.”

“ನನಗೆ ಪುರಸೊತ್ತಿಲ್ಲ,” ಎಂದೆ.

“ಸ್ಟೇಜು ಅತ್ತಕ್ಕೆ ಕಾಲು ಬೇಕಲ್ವಾ ಸಾ? ಉಷಾರಾಗಿ ಮಡೀಕಳಿ,” ಎಂದು ನಕ್ಕು ಕೀಯನ್ನು ನನ್ನ ಜೇಬಿಗೆ ಹಾಕಿದ. ಈಗಲೂ ರಸ್ತೆಯಲ್ಲಿ ಯಾರಾದರೂ ಕೈ ಅಡ್ಡ ಹಿಡಿದರೆ ನನ್ನ ಕೈ ಕೀ ಮೇಲೆ ಹೋಗುತ್ತದೆ.

ಭಾನುವಾರ ಚೌಕಟ್ಟು ಹಾಕಿಸಿದ ಪತ್ರ ಹಿಡಿದು ‘ದೀನಬಂಧು, ಧೀರ ನಾಯಕ’ ಎಂದು ಓದಿದೆ. ಎದುರಿಗೆ ನನ್ನ ವಿದ್ಯಾರ್ಥಿಗಳು ಕೂತಿದ್ದರು; ಯಾರೂ ನಗಲಿಲ್ಲ. ಮುಖಂಡರು ತಮ್ಮ ಶಾಲು ತೆಗೆದು ನನಗೆ ಹೊದಿಸಿದರು. ನಾನು ಕೈಮುಗಿದೆ.

ಸೋಮವಾರ ಒಬ್ಬ ವಿದ್ಯಾರ್ಥಿನಿ, “ಫಿಲಿಪೀನ್ಸ್ ಅರ್ಧಕ್ಕೇ ನಿಂತಿತ್ತಲ್ಲ ಸಾರ್?” ಎಂದಳು. ನಾನು ಪುಟ ತಿರುಗಿಸಿ ಮುಂದಿನ ಅಧ್ಯಾಯ ಶುರುಮಾಡಿದೆ.