ಅವ್ವನ ಜೋಡಿ ಆಡದ ಮಾತು

ಬೈಲಹೊಂಗಲದಲ್ಲಿ ನಮ್ಮ ಬಾಜೂಮನೆಯಲ್ಲಿ ಹೊಲಿಗೆ ಹಾಕುತ್ತಿದ್ದ ಲಂಬಾಣಿ ಹೆಣ್ಣುಮಗಳು ಸಿಟ್ಟು ಬಂದರೆ ದಾರವನ್ನು ಹಲ್ಲಿನಿಂದಲೇ ಕಡಿದು, "ಮರತಬಿಡು ಅಂತಾರ, ಹೆಂಗ ಮರೀಲ್ರಿ ಅಕ್ಕಾರ?" ಅನ್ನುತ್ತಿದ್ದಳು.

ಅವಳು ಬೆಳೆದ ರಾಮದುರ್ಗದ ಹುಡುಗಿಯರ ಆಶ್ರಮದವರು ಹಳೆಯ ಹುಡುಗಿಯರ ಸನ್ಮಾನಕ್ಕೆ ಕರೆದಾಗ ನಾನೂ ಹೋಗಿದ್ದೆ. ಶಾಲು ಹೊದಿಸಿ ಮೈಕು ಕೊಟ್ಟರು. ಅವಳು ಲಂಬಾಣಿ ಮಾತಿನಲ್ಲೇ ಶುರು ಮಾಡಿದಳು.

"ತಿಳಿಯೂಹಂಗ ಕನ್ನಡದಾಗ ಹೇಳವಾ," ಅಂದರು ಅವಳ ಕಾಲದಿಂದಲೂ ಅಲ್ಲೇ ಇದ್ದ ಮುದಿ ಮೇಲ್ವಿಚಾರಕಿ.

"ತಿಳೀಲಿಲ್ಲೇನ್ರಿ? ನಮ್ಮವ್ವ ತಾಂಡಾದಿಂದ ನನ್ನ ನೋಡಾಕ ಬಂದಾಗ, 'ಕಳ್ಳರ ಭಾಷಾ ಇಲ್ಲಿ ನಡಿಯೂದಿಲ್ಲ, ಕನ್ನಡದಾಗ ಮಾತಾಡ್ರಿ' ಅಂದ್ರಿ. ಅಕಿಗೆ ಕನ್ನಡ ಬರತಿದ್ದಿಲ್ಲ. ನನ್ನ ಗದ್ದ ಹಿಡಕೊಂಡು ಸುಮ್ಮನ ಕುಂತು, ಎದ್ದು ಹೋದಳು. ಮತ್ತ ಬರೂದ್ರಾಗ ಸತ್ತಳು."

ಭಾಷಣ ಮುಗಿಯಿತೆಂದು ಹಿಂದೆ ಯಾರೋ ಚಪ್ಪಾಳೆ ತಟ್ಟಿದರು. ಅವಳು ಶಾಲನ್ನು ಕುರ್ಚಿಯ ಮೇಲೆ ಒಗೆದು, ಬಸ್‌ಸ್ಟ್ಯಾಂಡಿನ ತನಕ ತನ್ನ ಮಾತಿನಲ್ಲೇ ಬೈಯುತ್ತ ನಡೆದಳು.