ಬೂದೆಮ್ಮ ಕಂಡ ಮೀನಿನ ಹೊಲ

ನಾನು ಪಾಠ ಮಾಡುವ ರಾಯಚೂರಿನ ಕಾಲೇಜಿನ ಪ್ರಾಣಿಶಾಸ್ತ್ರ ವಿಭಾಗದಲ್ಲಿ ಉಪ್ಪುನೀರಿನ ಒಂದು ಗಾಜಿನ ತೊಟ್ಟಿ ಇದೆ. ಅದರಲ್ಲೊಂದು ಮೀನು. ಅಂಗೈಯಷ್ಟೂ ಉದ್ದವಿಲ್ಲ, ಮಾಸಲು ಕಂದು ಬಣ್ಣ, ನೋಡಲು ಚೆಂದವೂ ಇಲ್ಲ. ಸೊಕ್ಕು ಮಾತ್ರ ಮೊಸಳೆಯದು. ಡ್ಯಾಮ್ಸೆಲ್ ಎಂದು ಅದರ ಹೆಸರು. ಬೆಚ್ಚನೆಯ ಸಮುದ್ರದ ಹವಳದ ದಿಬ್ಬಗಳಲ್ಲಿ ಇರಬೇಕಾದದ್ದು, ಪ್ಲಾಸ್ಟಿಕ್ ಚೀಲದೊಳಗೆ ಕೂತು ಚೆನ್ನೈ ರೈಲಿನಲ್ಲಿ ನಮ್ಮೂರಿಗೆ ಬಂತು. ಬಂದ ತಿಂಗಳೊಳಗೆ ಜೊತೆಗಿದ್ದ ಹಳದಿ ಮೀನಿನ ಬಾಲ ಹರಿದುಹಾಕಿತು. ತೊಟ್ಟಿ ತೊಳೆಯುವ ಬೂದೆಮ್ಮನ ಬೆರಳನ್ನಂತೂ ದಿನಾ ಕಚ್ಚುತ್ತಿತ್ತು.

ಬೂದೆಮ್ಮ ದೇವದುರ್ಗದ ಕಡೆಯವರು. ದಿನಗೂಲಿಯ ಮೇಲೆ ಕಾಲೇಜು ಗುಡಿಸಿ ಒರೆಸುವ ಕೆಲಸಕ್ಕೆ ಸೇರಿ ಮೂರು ವರ್ಷವಾಗಿತ್ತು. ಅದಕ್ಕೂ ಮೊದಲು ಇಪ್ಪತ್ತೆರಡು ವರ್ಷ ಮಾನ್ವಿ ಕಡೆಯ ಕಾಲುವೆ ಗದ್ದೆಗಳಲ್ಲಿ ಕಳೆ ಕಿತ್ತವರು, ಹದಿನೆಂಟು ಹೆಂಗಸರ ಗುಂಪಿಗೆ ಮುಂದಾಳು. ಭತ್ತದ ನಡುವೆ ಥೇಟ್ ಭತ್ತದಂತೆಯೇ ಕಾಣುವ ಹುಲ್ಲೊಂದು ಬೆಳೆಯುತ್ತದೆ, ತೆನೆ ಬರುವ ತನಕ ಗದ್ದೆಯ ಯಜಮಾನನಿಗೇ ಗುರುತು ಸಿಗುವುದಿಲ್ಲ. ಬೂದೆಮ್ಮ ಅದನ್ನು ನಡೆಯುತ್ತಲೇ ಕಿತ್ತು ಬದುವಿನಾಚೆ ಎಸೆಯುತ್ತಿದ್ದರಂತೆ. ಇದೆಲ್ಲ ನಾನು ಆಮೇಲೆ ಕೇಳಿ ತಿಳಿದದ್ದು. ಮೂರು ವರ್ಷದಲ್ಲಿ ನಾನು ಅವರನ್ನು ಕೇಳಿದ್ದು ಒಂದೇ ಪ್ರಶ್ನೆ, "ಟೇಬಲ್ ಒರಸೀಯೇನು?"

ಕಾಲೇಜಿನ ಪರಿಶೀಲನೆಗೆ ಸಮಿತಿ ಬರುವುದಕ್ಕೆ ಎರಡು ದಿನ ಇತ್ತು. ತೊಟ್ಟಿಯ ದೊಡ್ಡ ಕಲ್ಲಿನ ಮೇಲೆ ಪಾಚಿ ಹಿಡಿದಿತ್ತು. ಅದನ್ನು ನೋಡಿ ನನಗೆ ರೇಗಿತು.

"ಬೂದೆಮ್ಮ, ಆ ಕಲ್ಲು ಬೆಳ್ಳಗಾಗೋ ಹಂಗ ಉಜ್ಜು. ಆ ರೌಡಿ ಮೀನು ನಾಳೆ ಹೋಗ್ತದ" ಎಂದೆ.

ಬಣ್ಣದ ಮೀನು ಮಾರುವ ಸತ್ತಾರ್ ಸಾಬ್ ಅದನ್ನು ಹೈದರಾಬಾದಿನ ಯಾರಿಗೋ ದಾಟಿಸಲು ಒಪ್ಪಿದ್ದರು.

ಮರುದಿನ ಬೆಳಿಗ್ಗೆ ಸತ್ತಾರ್ ಸಾಬ್ ಬಲೆ, ಚೀಲ ಹಿಡಿದು ಬಂದಾಗ ಕಲ್ಲು ಅರ್ಧ ಬೆಳ್ಳಗಿತ್ತು, ಅರ್ಧ ಹಾಗೇ ಇತ್ತು. ಬೂದೆಮ್ಮ ತೊಟ್ಟಿಗೆ ಅಡ್ಡ ನಿಂತಿದ್ದರು.

"ಏನಿದು, ಅರ್ಧ ಬಿಟ್ಟೀಯಲ್ಲ?"

"ಬಿಟ್ಟೀನ್ರೀ ಮೇಡಂ. ಉಳದಿದ್ದು ನಾ ಉಜ್ಜಂಗಿಲ್ಲ. ಮೀನನ್ನೂ ಒಯ್ಯಬ್ಯಾಡ ಅನ್ರಿ ಇವರಿಗೆ."

ನನ್ನ ಸಿಟ್ಟು ನೆತ್ತಿಗೇರಿತು. "ಕೆಲಸ ಬ್ಯಾಡಾಗಿದ್ರ ಹೇಳಿಬಿಡು" ಅಂದುಬಿಟ್ಟೆ. ದಿನಗೂಲಿಯ ಹೆಂಗಸಿಗೆ ಆಡಬಾರದ ಮಾತು. ಅವರು ಅಳಲಿಲ್ಲ, ಬೇಡಿಕೊಳ್ಳಲಿಲ್ಲ. ಸ್ಟೂಲು ಎಳೆದು ತೊಟ್ಟಿಯ ಮುಂದೆ ಇಟ್ಟರು.

"ಕೆಲಸದ ಮಾತು ಆಮ್ಯಾಲ ನೋಡೋಣ್ರಿ. ಮೊದ್ಲ ಇಲ್ಲಿ ಕುಂತು ಇದನ್ನ ನೋಡ್ರಿ. ಇದು ಕಳಿ ತಗಿಯಾಕತ್ತದ."

ಸತ್ತಾರ್ ಸಾಬ್ ಜೋರಾಗಿ ನಕ್ಕರು. ಆಕೆಯ ಮಾತು ಸುಳ್ಳೆಂದು ತೋರಿಸಲಿಕ್ಕೇ ನಾನು ಕೂತೆ.

ಮೀನು ಉಳಿದರ್ಧ ಕಲ್ಲಿನ ಮೇಲೆ ಸುತ್ತುತ್ತಿತ್ತು. ಅಲ್ಲಿ ನವಿರಾದ ಕೆಂಬಣ್ಣದ ಪಾಚಿ, ಅದರ ನಡುವೆ ಅಲ್ಲಲ್ಲಿ ಒರಟು ಹಸಿರು ಎಳೆ. ಮೀನು ಒಂದು ಹಸಿರು ಎಳೆಯನ್ನು ಬುಡದಲ್ಲಿ ಕಚ್ಚಿ ಕಿತ್ತಿತು. ತಿನ್ನಲಿಲ್ಲ. ಬಾಯಲ್ಲಿ ಹಿಡಿದುಕೊಂಡು ಪಾಚಿಯ ಅಂಚಿನಾಚೆ ಹೋಗಿ ಉಗುಳಿ ಬಂತು. ಮತ್ತೊಂದು ಕಿತ್ತಿತು, ಅದನ್ನೂ ಉಗುಳಿತು. ಹತ್ತು ನಿಮಿಷದಲ್ಲಿ ಆರು ಸಲ. ಕೆಂಪು ಪಾಚಿಯ ಒಂದು ಎಳೆಯೂ ತಪ್ಪಿ ಆಚೆ ಹೋಗಲಿಲ್ಲ.

ಈ ಜಾತಿಯ ಡ್ಯಾಮ್ಸೆಲ್ ತನಗೆ ಬೇಕಾದ ಪಾಚಿಯನ್ನು ಬೆಳೆಸುತ್ತದೆ, ಬೇಡದ್ದನ್ನು ಕಿತ್ತು ಹೊರಗೆ ಹಾಕುತ್ತದೆ, ತನಗಿಂತ ದೊಡ್ಡ ಮೀನು ಬರಲಿ ಮನುಷ್ಯನ ಕೈಯೇ ಬರಲಿ ಮೈಮೇಲೆ ಬೀಳುತ್ತದೆ. ಹದಿನೇಳು ವರ್ಷದಿಂದ ನಾನಿದನ್ನು ತರಗತಿಯಲ್ಲಿ ಬರೆಸುತ್ತಿದ್ದೇನೆ, ಎರಡು ಅಂಕದ ಪ್ರಶ್ನೆ. ಕಣ್ಣೆದುರೇ ನಡೆದಾಗ ನನಗೆ ಕಂಡದ್ದು ಕೊಳೆ, ರೌಡಿತನ. ನಾಚಿಕೆಯಾಯಿತು. ಸುಳ್ಳೇಕೆ, ಆ ಹೆಂಗಸಿನ ಕಣ್ಣಿನ ಮೇಲೆ ಹೊಟ್ಟೆಕಿಚ್ಚೂ ಆಯಿತು.

"ನಿಮಗ ಹೆಂಗ ಗೊತ್ತಾತು?" ಎಂದು ಕೇಳಿದೆ.

"ಇಪ್ಪತ್ತೆರಡು ವರ್ಷ ಅದನ್ನ ಮಾಡೀನ್ರೀ. ಕಳಿ ತಗಿಯಾರ್ನ ನೋಡಿದ್ರ ಗುರ್ತು ಹತ್ತಂಗಿಲ್ಲೇನ್ರಿ?" ಎಂದರು ಬೂದೆಮ್ಮ. ಆಮೇಲೆ ಬೆಳ್ಳಗಾಗಿದ್ದ ಅರ್ಧ ಕಲ್ಲನ್ನು ನೋಡಿದರು. "ನಾ ತಗದಿದ್ದೆಲ್ಲ ಮಂದಿ ಹೊಲದಾಗ್ರೀ. ನಂದು ಅಂತ ಒಂದು ಗುಂಟಿ ಇಲ್ಲ. ಇದು ತನ್ನ ಹೊಲದಾಗ ತಾನು ದುಡದು ಉಣ್ಣಾಕತ್ತಿತ್ತು. ನಿನ್ನೆ ಅರ್ಧ ಹೊಲ ನನ್ನ ಕೈಲೇ ಹಾಳಾತು."

ಸತ್ತಾರ್ ಸಾಬ್ ಬಲೆ ನೆಲಕ್ಕಿಟ್ಟರು. ಅವರು ಬರಿಗೈಲಿ ಹೋಗುವುದು ಬೇಡವೆಂದು, ಬಾಲ ಹರಿದ ಹಳದಿ ಮೀನನ್ನು ಒಯ್ಯಿರಿ ಎಂದೆ. ಸಮಿತಿಯವರು ಬಂದು ಕಲ್ಲು ಯಾಕೆ ಕೊಳಕಾಗಿದೆ ಎಂದು ಕೇಳಿದಾಗ ಬೂದೆಮ್ಮನನ್ನು ಕರೆದು ಮುಂದೆ ನಿಲ್ಲಿಸಿದೆ. ಆಕೆ ಹೇಳಿದಂತೆ ಸಮಿತಿಯವರೂ ಒಬ್ಬೊಬ್ಬರಾಗಿ ಆ ಸ್ಟೂಲಿನ ಮೇಲೆ ಕೂತು ನೋಡಿದರು.

ಕೆಲವು ವಾರಗಳಲ್ಲಿ ಕಲ್ಲಿನ ಬೋಳು ಅರ್ಧಕ್ಕೂ ಕೆಂಪು ಪಾಚಿ ಹಬ್ಬಿತು. ಗಾಜು ಒರೆಸಲು ಕೈ ಇಳಿಸಿದರೆ ಮೀನು ಈಗಲೂ ಬಂದು ಬೂದೆಮ್ಮನ ಬೆರಳು ಕಚ್ಚುತ್ತದೆ. ಅವರು ಕೈ ಹಿಂದಕ್ಕೆಳೆದು, ತಲೆ ಮೇಲಿನ ಸೆರಗು ಸರಿಮಾಡಿಕೊಂಡು ಹೇಳುತ್ತಾರೆ:

"ಆತ್ರೀ ಸಾವುಕಾರ್ರೇ. ಬದುವಿನ ಈಚೀಗೇ ಅದೀನಿ."