ಪುಸ್ತಕ ಓದದ ನಾಯಕಿ ಮತ್ತು ಭುಜಂಗರ ಮೈಕು

ಬಲ್ಲವರು ಬರೆದಿರುವ ಈ ಅಭಿನಂದನ ಸಂಪುಟದಲ್ಲಿ, ಸಂಜೆ ತರಗತಿಗಳಲ್ಲಿ ಓದಿ ನಾಲ್ಕಕ್ಷರ ಕಲಿತ ನಾನು ಶ್ರೀ ಭುಜಂಗ ಅವರ ಕುರಿತು ಹೇಳಹೊರಟಿರುವುದು ಅಧಿಕಪ್ರಸಂಗವೆನಿಸಿದರೆ ದಯವಿಟ್ಟು ಮನ್ನಿಸಬೇಕು. ಈ ಕೊಲ್ಲಿ ನಾಡಿನ ಹಿದ್ ಬಂದರಿನ ಸರಕು ಸಾಗಣೆ ಕಚೇರಿಯಲ್ಲಿ ಅವರಷ್ಟು ತಾಳ್ಮೆಯ ಮೇಲ್ವಿಚಾರಕರಿರಲಿಲ್ಲವೆಂದು ಸಹೋದ್ಯೋಗಿಗಳು ಬಲ್ಲರು. ಊರಿನಿಂದ ಹೊಸದಾಗಿ ಬಂದವರ ಜೊತೆ ಸಿಪಿಆರ್ ಎಂಬ ಗುರುತಿನ ಕಾರ್ಡಿನ ಸಾಲಿನಲ್ಲಿ ನಿಂತೇ ಅವರು ಎಷ್ಟೋ ರಜೆಗಳನ್ನು ಕಳೆದರು. ಆದರೆ ಮನಾಮಾದ ಕನ್ನಡಿಗರಿಗೆ ಅವರು ಎಲ್ಲಕ್ಕಿಂತ ಮೊದಲು ಶುಕ್ರವಾರದ ಸಿನಿಮಾದ ದನಿ.

ಇದು ಶುರುವಾದದ್ದು ಎರಡು ಸಾವಿರದ ಮೂರರ ಸುಮಾರಿಗೆ. ಕನ್ನಡ ಸಂಘದ ಸಭಾಂಗಣದಲ್ಲಿ ಇಂಗ್ಲಿಷ್ ಚಿತ್ರ ಹಾಕಿದಾಗ ಭಾಷೆ ಬಲ್ಲ ಹಿಂದಿನ ಸಾಲಿನವರು ನಗುತ್ತಿದ್ದರು, ಅರ್ಥವಾಗದ ಮುಂದಿನವರು ಆ ನಗುವವರನ್ನು ತಿರುಗಿ ನೋಡುತ್ತಿದ್ದರು. ಭುಜಂಗರು ಎದ್ದು ಮೈಕು ಹಿಡಿದು, ಚಿತ್ರ ಓಡುತ್ತಿದ್ದಂತೆಯೇ ಕಥೆಯನ್ನು ಕನ್ನಡದಲ್ಲಿ ಹೇಳತೊಡಗಿದರು. ಅಂದಿನಿಂದ ಅದೇ ಪದ್ಧತಿಯಾಯಿತು. ಕಾದಂಬರಿಯಿಂದ ಮಾಡಿದ ಚಿತ್ರವಾದರೆ ಆ ಕಾದಂಬರಿಯನ್ನು ತರಿಸಿ ಓದಿಯೇ ಬರುತ್ತಿದ್ದರು.

ಸನದ್ ಬಡಾವಣೆಯ ಹೊಲಿಗೆ ಅಂಗಡಿಯ ಹರಿಣಾಕ್ಷಿಯವರಿಗೆ ಇಂಗ್ಲಿಷ್ ಬಾರದು. ವಾರವಿಡೀ ಬಗ್ಗಿಸಿದ ಕತ್ತನ್ನು ಎತ್ತಿ ಅವರು ಮನಸಾರೆ ನಗುತ್ತಿದ್ದುದು ಆ ಶುಕ್ರವಾರಗಳಲ್ಲಿ ಮಾತ್ರ. ಹೀಗಿರುವಾಗ ಎರಡು ಸಾವಿರದ ಹದಿಮೂರರಲ್ಲೊಂದು ದಿನ, ಸಂಘದ ಅಡುಗೆಮನೆಯಲ್ಲಿ ಗೋಳಿಬಜೆ ಕರಿಯುತ್ತಿದ್ದ ಅವರ ಕಿವಿಗೆ ಅಧ್ಯಕ್ಷ ಪ್ರೇಮನಾಥರ ಮಾತು ಬಿತ್ತು. ಮೈಕಿನ ಗಲಾಟೆಯಲ್ಲಿ ಸಂಭಾಷಣೆಯೇ ಕೇಳಿಸುವುದಿಲ್ಲವೆಂದು ಹಿಂದಿನ ಸಾಲಿನ ಮಕ್ಕಳು ದೂರುತ್ತಿದ್ದಾರಂತೆ. ಇವತ್ತೊಂದು ದಿನ ನೋಡುವುದು, ಸರಿಹೋಗದಿದ್ದರೆ ಕಥೆ ಹೇಳುವುದನ್ನು ನಿಲ್ಲಿಸಿಬಿಡುವುದು.

ಅಂದಿನದು ಅಮೆರಿಕದ ಹಾಸ್ಯಚಿತ್ರ. ಸಣ್ಣ ಊರಿನಲ್ಲಿ ಲಾಂಡ್ರಿ ನಡೆಸುವ ವಿಧವೆ, ಯಂತ್ರ ರಿಪೇರಿಗೆ ಬಂದು ಬೇಕೆಂದೇ ಅದನ್ನು ಮತ್ತೆ ಮತ್ತೆ ಕೆಡಿಸಿ ಉಳಿದುಕೊಳ್ಳುವ ಗಂಡಸು. ಕೊನೆಗೆ ಅವನು ರೈಲು ಹತ್ತಿದ. ಭುಜಂಗರು ದನಿ ತಗ್ಗಿಸಿದರು: “ಇನ್ನು ಅವಳು ಅವನನ್ನು ತಡೆಯುದಿಲ್ಲ. ಕಿಟಕಿಯ ಪರದೆ ಎಳೀತಾಳೆ. ಅಷ್ಟೇ.”

ಹರಿಣಾಕ್ಷಿಯವರು ಸೆರಗು ಕಣ್ಣಿಗೆ ತಂದರು. ಅಷ್ಟರಲ್ಲಿ ಪರದೆಯ ಮೇಲಿನ ಹೆಂಗಸು ಬಾಗಿಲು ತೆರೆದು, ಕಟ್ಟಿದ ಏಪ್ರನ್ನಿನಲ್ಲೇ ಓಡಿ, ಬ್ರೆಡ್ಡಿನ ವ್ಯಾನು ಹತ್ತಿ ರೈಲಿನ ಬೆನ್ನು ಹಿಡಿದಳು. ಸಭಾಂಗಣವೆಲ್ಲ ಭುಜಂಗರತ್ತ ತಿರುಗಿತು. ಹಿಂದೆ ಮಕ್ಕಳು ಕಿಸಕ್ಕೆಂದರು. ಪ್ರೇಮನಾಥರು ಕೈಕಟ್ಟಿ ನಿಂತಿದ್ದರು. ಇಲ್ಲಿಗೆ ಮುಗಿಯಿತು ಎಂದುಕೊಂಡು ಹರಿಣಾಕ್ಷಿಯವರು ತಲೆತಗ್ಗಿಸಿದರು.

ಮೈಕು ಗಂಟಲು ಸರಿಮಾಡಿಕೊಂಡಿತು. “ಕ್ಷಮಿಸಿ. ನಾನು ಹೇಳಿದ್ದು ಪುಸ್ತಕದಲ್ಲಿದ್ದದ್ದು. ಈ ಹೆಂಗಸು ಪುಸ್ತಕ ಓದ್ಲಿಲ್ಲ ಅಂತ ಕಾಣ್ತದೆ.”

ನಗು ಇನ್ನೂ ಹರಡುತ್ತಿರುವಾಗಲೇ, ನಾಲ್ಕು ಜನರ ಎದುರು ಎಂದೂ ಬಾಯಿ ತೆರೆಯದ ಹರಿಣಾಕ್ಷಿಯವರು ಎದ್ದು ನಿಂತರು. “ಒಳ್ಳೇದೇ ಆಯ್ತಲ್ಲ ಭುಜಂಗಣ್ಣ. ಓದಿದ್ರೆ ಮನೆಯಲ್ಲೇ ಕೂತಿರ್ತಿದ್ಲು.”

ಆಗ ಹಿಂದಿನ ಸಾಲಿನ ಮಕ್ಕಳೂ ಹೊಟ್ಟೆ ಹಿಡಿದುಕೊಂಡು ನಕ್ಕರು. ಆ ನಗುವಿಗೆ ಅವರಿಗೂ ಕನ್ನಡವೇ ಬೇಕಾಯಿತು. ಪ್ರೇಮನಾಥರು ಕಣ್ಣೊರೆಸಿಕೊಳ್ಳುತ್ತ ಬಂದು, “ಮುಂದಿನ ಶುಕ್ರವಾರವೂ ಪುಸ್ತಕ ಓದಿಯೇ ಬನ್ನಿ ಮಾರಾಯ್ರೆ,” ಎಂದರು. ಅಲ್ಲಿಂದಾಚೆಗೆ ಪ್ರತಿ ಚಿತ್ರ ಮುಗಿದೊಡನೆ ಪುಸ್ತಕದಲ್ಲೇನಾಯಿತೆಂದು ಮೊದಲು ಕೂಗಿ ಕೇಳುತ್ತಿದ್ದವರು ಆ ಮಕ್ಕಳೇ.

ಈಗ ಕಚೇರಿಯಿಂದ ನಿವೃತ್ತರಾಗಿ ಮಂಗಳೂರಿಗೆ ಹೊರಟಿರುವ ಭುಜಂಗರಿಗೆ ಆರೋಗ್ಯವೂ ಆಯುಸ್ಸೂ ತುಂಬಿ ಬರಲಿ. ಅಲ್ಲಿಯೂ ಅವರ ಕೈಗೊಂದು ಮೈಕು, ಎದುರಿಗೊಂದು ತುಂಬಿದ ಮುಂದಿನ ಸಾಲು ಸಿಗಲಿ.

ಒಂದು ಸಂಗತಿ ಮಾತ್ರ ನನಗೆ ತಿಳಿಯದೆಯೇ ಉಳಿದಿದೆ. ಆ ಚಿತ್ರದ ಡಿಸ್ಕು ವಾರವಿಡೀ ಭುಜಂಗರ ಮನೆಯಲ್ಲೇ ಇತ್ತು. ಅವರು ಅದನ್ನು ನಿಜವಾಗಿಯೂ ನೋಡಿರಲಿಲ್ಲವೇ? ಹರಿಣಾಕ್ಷಿಯವರು ಅಂದೇ ಚಹಾ ಕೊಡುವಾಗ ಇದನ್ನೇ ಕೇಳಿದ್ದರಂತೆ. ಭುಜಂಗರು ಇನ್ನೊಂದು ಗೋಳಿಬಜೆ ಕೇಳಿದರಂತೆ. ಅದಕ್ಕಿಂತ ಹೆಚ್ಚು ನನಗೆ ಗೊತ್ತಿಲ್ಲ.